ತಂಗಿಯ ಮನೆಯ ಕ್ಯಾಮೆರಾ

ತಂಗಿ ಏನು ಕೊಂಡರೂ ಅದು ತನಗೂ ಬೇಕು ಎನ್ನಿಸುವ ಚಟ ವೆಲಿಚ್ಕಾಳಿಗೆ ಚಿಕ್ಕಂದಿನಿಂದ ಅಂಟಿಕೊಂಡಿತ್ತು. ಮಿಗ್ಲೆನಾ ಕೂದಲಿಗೆ ಕೆಂಪು ಬಣ್ಣ ಹಾಕಿಸಿಕೊಂಡರೆ ಮುಂದಿನ ವಾರ ಅಕ್ಕನ ತಲೆಯೂ ಕೆಂಪಾಗುತ್ತಿತ್ತು. ಮಿಗ್ಲೆನಾ ಮೆಣಸಿನಕಾಯಿ ಸುಡುವ ಹೊಸ ಒಲೆ ತಂದಳೆಂದು ಗೊತ್ತಾದ ದಿನ ವೆಲಿಚ್ಕಾ ತನ್ನ ಗಟ್ಟಿಮುಟ್ಟಾದ ಹಳೆಯ ಒಲೆಯನ್ನು ಒದ್ದು, ಅದರ ಕಾಲು ಮುರಿದಿದೆ ಎಂದು ಗಂಡನಿಗೆ ತೋರಿಸಿದ್ದಳು. ಇದು ಹೊಟ್ಟೆಕಿಚ್ಚು ಎಂದು ಅವಳು ಒಪ್ಪುತ್ತಿರಲಿಲ್ಲ. "ಅಕ್ಕ ತಂಗಿ ಅಂದಮೇಲೆ ಸರಿಸಮ ಇರ್ಬೇಕು" ಎನ್ನುತ್ತಿದ್ದಳು.

ಎಲ್ಲವನ್ನೂ ಅಂಗಡಿಯಿಂದ ತರಬಹುದು. ತರಲಾಗದೇ ಹೋದದ್ದು ಒಂದೇ, ತಾಯಿ.

ತಾಯಿ ತೊದೊರಾ ಸೊಂಟದ ಮೂಳೆ ಮುರಿದುಕೊಂಡ ಮೇಲೆ ಒಂಟಿಯಾಗಿ ಇರುವಂತಿರಲಿಲ್ಲ. ಇಬ್ಬರು ಹೆಣ್ಣುಮಕ್ಕಳೂ ಕರೆದರು. ಕಾರ್ನೊಬಾತ್ ಊರಿನ ಅಂಚಿನಲ್ಲಿದ್ದ ವೆಲಿಚ್ಕಾಳ ಮನೆಗೆ ಮೆಟ್ಟಿಲೇ ಇಲ್ಲ. ಅಂಗಳದಲ್ಲಿ ದ್ರಾಕ್ಷಿ ಚಪ್ಪರ, ಕೋಳಿಗಳು, ಬಿಸಿಲು. ಮಿಗ್ಲೆನಾಳದು ಮೂರನೇ ಮಹಡಿಯ ಫ್ಲ್ಯಾಟು, ಲಿಫ್ಟು ತನಗೆ ಬೇಕೆನಿಸಿದಾಗ ಮಾತ್ರ ಕೆಲಸ ಮಾಡುವಂಥದ್ದು. ಅದೂ ಅಲ್ಲದೆ ಗಂಡ ಬಿಟ್ಟುಹೋದ ಮೇಲೆ ಮಿಗ್ಲೆನಾ ಒಬ್ಬಳೇ. ದಿನವಿಡೀ ಔಷಧಿ ಅಂಗಡಿಯಲ್ಲಿ ನಿಂತಿರುತ್ತಾಳೆ. ಯಾರು ನೋಡಿದರೂ ದೊಡ್ಡ ಮಗಳ ಮನೆಯೇ ಸರಿ ಅನ್ನಬೇಕು. ಆದರೆ ತೊದೊರಾ ಆಸ್ಪತ್ರೆಯ ಹಾಸಿಗೆಯಲ್ಲಿ ಚಾದರದ ಅಂಚನ್ನು ಬೆರಳಿನಿಂದ ಮಡಚುತ್ತಾ, "ನಾನು ಮಿಗ್ಲೆನಾ ಹತ್ರ ಇರ್ತೀನಿ" ಎಂದುಬಿಟ್ಟಳು. ಯಾಕೆ ಎಂದು ವೆಲಿಚ್ಕಾ ಕೇಳಲಿಲ್ಲ. ಕೇಳಿದರೆ ಬರುವ ಉತ್ತರಕ್ಕೆ ಹೆದರಿದ್ದಳು. ಅಂದಿನಿಂದ ಆ ಒಂದು ಮಾತು ಗಂಟಲಲ್ಲಿ ಸಿಕ್ಕಿಕೊಂಡ ಮೀನಿನ ಮುಳ್ಳಿನಂತೆ ಉಗುಳಲೂ ಆಗದೆ ನುಂಗಲೂ ಆಗದೆ ಉಳಿದಿತ್ತು.

ಚಳಿಗಾಲದ ಕೊನೆಗೆ ತೊದೊರಾ ಮನೆಯಲ್ಲಿ ಒಬ್ಬಳೇ ಇದ್ದಾಗ ಒಮ್ಮೆ ಜಾರಿ ಬಿದ್ದಳು. ಮಿಗ್ಲೆನಾ ಹೆದರಿ, ಸಂತೆಬೀದಿಯ ಎಲೆಕ್ಟ್ರಿಕ್ ಅಂಗಡಿಯಿಂದ ಒಂದು ಕ್ಯಾಮೆರಾ ತಂದು ತಾಯಿಯ ಕೋಣೆಯ ಕಪಾಟಿನ ಮೇಲೆ ಕೂರಿಸಿದಳು. ಮೊಟ್ಟೆ ಗಾತ್ರದ ಬಿಳಿ ವಸ್ತು. ಕುತ್ತಿಗೆ ತಿರುಗಿಸುತ್ತದೆ, ಕೇಳಿಸಿಕೊಳ್ಳುತ್ತದೆ, ಮಾತೂ ಆಡುತ್ತದೆ.

"ಅಂಗಡೀಲಿ ನಿಂತ್ಕೊಂಡೇ ಅಮ್ಮನ್ನ ನೋಡ್ಬಹುದು ಅಕ್ಕ. ಮಾತ್ರೆ ತಗೊಂಡ್ಯಾ ಅಂತ ಇಲ್ಲಿಂದಲೇ ಕೇಳ್ತೀನಿ, ಅಮ್ಮ ಹೂಂ ಅಂತಾಳೆ" ಎಂದು ಮಿಗ್ಲೆನಾ ಫೋನು ಮುಂದೆ ಹಿಡಿದು ತೋರಿಸಿದಳು.

"ನಂಗೂ ನೋಡೋ ಹಂಗೆ ಮಾಡ್ಕೊಡು" ಎಂದಳು ವೆಲಿಚ್ಕಾ.

ಮಿಗ್ಲೆನಾ ಫೋನನ್ನು ನಿಧಾನವಾಗಿ ಚೀಲಕ್ಕೆ ಹಾಕಿಕೊಂಡಳು. "ಬೇಡ ಅಕ್ಕ. ಅಮ್ಮ ಬಟ್ಟೆ ಬದಲಾಯಿಸ್ತಾಳೆ, ಮೈ ಒರೆಸ್ಕೋತಾಳೆ. ನಾನೊಬ್ಬಳು ನೋಡೋದೇ ಅವಳಿಗೆ ಇಷ್ಟ ಇಲ್ಲ."

"ನಾನೇನು ಬೀದಿಯವಳಾ?"

"ಹಂಗಲ್ಲ..."

ವೆಲಿಚ್ಕಾ ಮುಖ ಗಂಟು ಹಾಕಿಕೊಂಡು ಎದ್ದು ಬಂದಳು. ಬರುವ ದಾರಿಯಲ್ಲೇ ಅದೇ ಅಂಗಡಿಗೆ ಹೊಕ್ಕು, "ನನ್ನ ತಂಗಿ ತಗೊಂಡ್ಲಲ್ಲ, ಔಷಧಿ ಅಂಗಡಿಯವಳು, ಅದೇ ಕೊಡಿ. ಅದಕ್ಕಿಂತ ಕಮ್ಮಿದು ಬೇಡ" ಎಂದಳು. ಅಂಗಡಿಯವನು ಮಿಗ್ಲೆನಾಳದನ್ನು ತೆಗೆದಿದ್ದ ಅದೇ ರಟ್ಟಿನ ಪೆಟ್ಟಿಗೆಯಿಂದ ಇನ್ನೊಂದು ಡಬ್ಬಿಯನ್ನು ಎತ್ತಿ ಕೊಟ್ಟ.

ಗಂಡ ಪ್ರೋದಾನ್ ನಿವೃತ್ತ ರೈಲ್ವೆ ನೌಕರ. ಡಬ್ಬಿ ನೋಡಿ ನಕ್ಕ. "ನಮ್ಮನೇಲಿ ಯಾರನ್ನ ಕಾಯೋಕೆ? ನನ್ನನ್ನೋ?"

"ನಿನ್ನನ್ನ ಯಾವಳು ಕದೀತಾಳೆ? ಕೋಳಿಗೂಡಿಗೆ. ಮುಂಗುಸಿ ಥರದ್ದು ಏನೋ ಬರ್ತಿದೆ."

"ಕೋಳಿಗೆ ಕ್ಯಾಮೆರಾ! ನಾಳೆ ಅವಕ್ಕೆ ಕನ್ನಡಕಾನೂ ಕೊಡ್ಸು."

ಅವಳು ಕಿವಿಗೆ ಹಾಕಿಕೊಳ್ಳಲಿಲ್ಲ. ಕೋಳಿಗೂಡಿನ ತೊಲೆಗೆ ಕ್ಯಾಮೆರಾ ಸಿಕ್ಕಿಸಿ, ಅಂಗಳದ ಕಲ್ಲುಬೆಂಚಿನ ಮೇಲೆ ಫೋನು ಹಿಡಿದು ಕುಳಿತಳು. ಕ್ಯಾಮೆರಾದ ತಳದಲ್ಲಿರುವ ನಂಬರು ಹೊಡೆಯಿರಿ ಎಂದಿತು ಫೋನು. ಕನ್ನಡಕ ಒಳಗೆ ಬಿಟ್ಟು ಬಂದಿದ್ದಳು. ಚೀಟಿಯ ಸಣ್ಣ ಅಂಕಿಗಳನ್ನು ಕಣ್ಣು ಕಿರಿದು ಮಾಡಿ ಓದಿ ಒತ್ತಿದಳು. ಕೊನೆಯದು ಮೂರೋ ಎಂಟೋ ಗೊತ್ತಾಗಲಿಲ್ಲ, ಮೂರು ಒತ್ತಿದಳು. ಆಮೇಲೆ ಗುಪ್ತಪದ. ಅದು ಡಬ್ಬಿಯ ಮೇಲೇ ಅಚ್ಚಾಗಿತ್ತು, ಒಂದರಿಂದ ಆರರವರೆಗೆ. ಬೇಕಾದರೆ ಬದಲಾಯಿಸಿಕೊಳ್ಳಿ ಎಂದು ಫೋನು ಕೇಳಿತು. ಯಾರಿಗೆ ಬೇಕು ಆ ತಲೆನೋವು ಎಂದು ಮುಂದೆ ಹೋದಳು.

ಪರದೆಯಲ್ಲಿ ಚಕ್ರ ಒಂದಷ್ಟು ಹೊತ್ತು ತಿರುಗಿತು. ಕೋಳಿಗಳು ಕಾಣಿಸಲಿಲ್ಲ. ಹೂವಿನ ಚಿತ್ತಾರದ ಹೊದಿಕೆ, ಕಿಟಕಿಯ ಬಳಿ ಕುರ್ಚಿ, ಕುರ್ಚಿಯಲ್ಲಿ ತಲೆಗೆ ವಸ್ತ್ರ ಕಟ್ಟಿಕೊಂಡು ವಾಲ್‌ನಟ್ ಒಡೆಯುತ್ತಾ ಕುಳಿತ ತಾಯಿ ಕಾಣಿಸಿದಳು.

ವೆಲಿಚ್ಕಾಳಿಗೆ ಮೊದಲು ಹೊಳೆದದ್ದು, ತಂಗಿಗೆ ಫೋನು ಮಾಡಬೇಕು ಎಂದೇ. ನಿನ್ನ ಕ್ಯಾಮೆರಾ ನನ್ನ ಫೋನಿನಲ್ಲಿ ಬರುತ್ತಿದೆ ಕಣೇ, ಏನೋ ಎಡವಟ್ಟಾಗಿದೆ ಅನ್ನಬೇಕು. ಅಷ್ಟರಲ್ಲಿ ತೊದೊರಾ ಒಂದು ವಾಲ್‌ನಟ್ ತುಂಡನ್ನು ಬಾಯಿಗೆ ಹಾಕಿಕೊಂಡು ತನ್ನಷ್ಟಕ್ಕೆ ತಾನೇ ಏನೋ ಗುನುಗಿದಳು. ತಾಯಿ ಹಾಡುವುದನ್ನು ಕೇಳಿ ಎಷ್ಟು ವರ್ಷಗಳಾಗಿದ್ದವು! ವೆಲಿಚ್ಕಾ ಫೋನನ್ನು ಕಿವಿಗೆ ಒತ್ತಿಕೊಂಡಳು. ನಾನೇನು ಬೀದಿಯವಳಾ ಎಂದು ಮತ್ತೊಮ್ಮೆ ತನ್ನೊಳಗೇ ಅಂದುಕೊಂಡಳು. ತಂಗಿಗೆ ಫೋನು ಮಾಡಲಿಲ್ಲ. ಕನ್ನಡಕ ತಂದು ತನ್ನ ಕೋಳಿಗೂಡಿನ ನಂಬರನ್ನು ಸರಿಯಾಗಿ ಹೊಡೆದಳು. ಮೊದಲು ಬಂದ ತಾಯಿಯ ಕೋಣೆಯ ಕ್ಯಾಮೆರಾವನ್ನೂ ಫೋನಿನಿಂದ ಅಳಿಸದೆ ಉಳಿಸಿಕೊಂಡಳು.

ಆಮೇಲೆ ಅದೇ ಗೀಳಾಯಿತು. ವೆಲಿಚ್ಕಾ ಶಿಶುವಿಹಾರದ ಅಡುಗೆಯವಳು. ಆಲೂಗಡ್ಡೆ ಸಿಪ್ಪೆ ತೆಗೆಯುವಾಗ ಫೋನನ್ನು ಹಿಟ್ಟಿನ ಡಬ್ಬಿಗೆ ಒರಗಿಸಿಡುತ್ತಿದ್ದಳು. ತಾಯಿ ನಿದ್ದೆ ಮಾಡುವುದು, ಕೋಲೂರಿ ಕಿಟಕಿವರೆಗೆ ಹೋಗಿ ಕೆಳಗಿನ ಬೆಕ್ಕನ್ನು ಬೈಯುವುದು, ಕೆಲವೊಮ್ಮೆ ಬೇಸತ್ತು ತಲೆವಸ್ತ್ರ ಬಿಚ್ಚಿ ಕ್ಯಾಮೆರಾದ ಮೇಲೆ ಹೊದಿಸಿಬಿಡುವುದು, ಎಲ್ಲವನ್ನೂ ನೋಡಿದಳು. ಅಷ್ಟೇ ನೋಡಿದ್ದರೆ ಅವಳ ಹೊಟ್ಟೆ ತಣ್ಣಗಾಗುತ್ತಿತ್ತೋ ಏನೋ. ಆದರೆ ಸಂಜೆ ಮಿಗ್ಲೆನಾ ಬರುತ್ತಿದ್ದಳು. ತಾಯಿಯ ಕಾಲಿಗೆ ಮುಲಾಮು ತಿಕ್ಕುತ್ತಿದ್ದಳು. ಅಂಗಡಿಗೆ ಬಂದವರನ್ನು ಅಣಕಿಸಿ ತೋರಿಸುತ್ತಿದ್ದಳು, ತಾಯಿ ಅರ್ಧ ಹಲ್ಲುದುರಿದ ಬಾಯಿ ಬಿಟ್ಟು ನಗುತ್ತಿದ್ದಳು. ವೆಲಿಚ್ಕಾ ಪ್ರತಿ ಭಾನುವಾರ ತಟ್ಟೆ ತುಂಬ ತಿಂಡಿ ಹೊತ್ತು ಹೋದಾಗ ಅದೇ ಬಾಯಿ, "ಯಾಕಿಷ್ಟು ಮಾಡ್ತೀಯ, ಯಾರು ತಿಂತಾರೆ" ಎನ್ನುತ್ತಿತ್ತೇ ಹೊರತು ಹೀಗೆ ಅರಳಿದ್ದೇ ಇಲ್ಲ.

ಅವರಿಬ್ಬರ ಮಾತಿನಲ್ಲಿ ತನ್ನ ಹೆಸರು ಬರುತ್ತದೆಯೇ ಎಂದು ಕಿವಿ ನಿಮಿರಿಸಿ ಕಾಯುತ್ತಿದ್ದಳು. ಬರುತ್ತಿರಲಿಲ್ಲ. ಬೈದಿದ್ದರೂ ಸಹಿಸಬಹುದಿತ್ತು. ತಾನೊಬ್ಬಳು ಇದ್ದೇನೆ ಎಂಬ ನೆನಪೇ ಆ ಕೋಣೆಯಲ್ಲಿ ಇದ್ದಂತಿರಲಿಲ್ಲ.

ಒಂದು ಸಂಜೆ ಬೇರೆಯದೇ ನೋಡಿದಳು. ತೊದೊರಾ ಸೂಪು ಬೇಡವೆಂದು ತಟ್ಟೆ ತಳ್ಳಿದಳು, ಮತ್ತೆ ತಳ್ಳಿದಳು. ಇಡೀ ದಿನ ನಿಂತು ಬಂದಿದ್ದ ಮಿಗ್ಲೆನಾ ಇದ್ದಕ್ಕಿದ್ದಂತೆ ತಟ್ಟೆ ಎತ್ತಿ ನೆಲಕ್ಕೆ ಅಪ್ಪಳಿಸಿದಳು. "ಸಾಕಾಗಿದೆ ನಂಗೆ! ಸತ್ತಾದ್ರೂ ಹೋಗ್ತೀನಿ!" ಎಂದು ಕಿರುಚಿದಳು. ಆಮೇಲೆ ಅಲ್ಲೇ ಕುಸಿದು, ಚೂರುಗಳನ್ನು ಆಯುತ್ತಾ, ಬಾಯಿಗೆ ಬಟ್ಟೆ ತುರುಕಿಕೊಂಡು ಅತ್ತಳು. ತೊದೊರಾ ಮಂಚದಿಂದ ಕೈ ಚಾಚಿ ಅವಳ ನೆತ್ತಿ ಸವರಿದಳು.

ತಂಗಿ ತಟ್ಟೆ ಎಸೆದದ್ದು ವೆಲಿಚ್ಕಾಳಿಗೆ ಒಳಗೊಳಗೇ ಹಿತವಾಯಿತು. ತಾಯಿ ನೆತ್ತಿ ಸವರಿದ್ದು ಮಾತ್ರ ಸಹಿಸಲಾಗಲಿಲ್ಲ.

ಇನ್ನೊಂದು ಸಂಗತಿಯೂ ಇತ್ತು. ಚಿತ್ರದ ಮೂಲೆಯಲ್ಲಿ ಒಂದು ಪುಟ್ಟ ಕಣ್ಣಿನ ಗುರುತು, ಅದರ ಪಕ್ಕ ಎಷ್ಟು ಜನ ನೋಡುತ್ತಿದ್ದಾರೆ ಎಂಬ ಅಂಕಿ. ಅದರಲ್ಲಿ ಎರಡು ಎಂದಿದ್ದರೆ ತಾನು ಮತ್ತು ಅಂಗಡಿಯಲ್ಲಿರುವ ಮಿಗ್ಲೆನಾ ಎಂದುಕೊಳ್ಳುತ್ತಿದ್ದಳು. ಆದರೆ ಒಂದು ದಿನ ಮಿಗ್ಲೆನಾ ತಾಯಿಯ ಮೈ ಒರೆಸುತ್ತಿದ್ದಳು, ಅವಳ ಫೋನು ಕಣ್ಣೆದುರೇ ಮೇಜಿನ ಮೇಲೆ ಕಪ್ಪಗೆ ಬಿದ್ದಿತ್ತು. ಆಗಲೂ ಕಣ್ಣಿನ ಪಕ್ಕ ಎರಡು ಎಂದೇ ಇತ್ತು. ನೋಡನೋಡುತ್ತಿದ್ದಂತೆ ಕ್ಯಾಮೆರಾ ಯಾರೂ ಮುಟ್ಟದೆ ತಾನೇ ಕುತ್ತಿಗೆ ತಿರುಗಿಸಿ, ತೆರೆದಿದ್ದ ಕಪಾಟಿನ ಕಡೆ ನೋಡಿ, ಮತ್ತೆ ಮಂಚದ ಕಡೆಗೆ ಹೊರಳಿತು.

ವೆಲಿಚ್ಕಾ ಚಾಕು ಕೆಳಗಿಟ್ಟಳು. ಮೂರನೆಯವರು ಯಾರೋ ಇದ್ದಾರೆ. ತನ್ನ ತಾಯಿಯ ಬರಿ ಬೆನ್ನನ್ನು ಯಾರೋ ನೋಡುತ್ತಿದ್ದಾರೆ. ತಂಗಿಗೆ ಈಗಲೇ ಹೇಳಬೇಕು. ಹೇಳಿದರೆ ಮಿಗ್ಲೆನಾ ಕೇಳುವ ಮೊದಲ ಪ್ರಶ್ನೆ ಏನೆಂದು ಅವಳಿಗೆ ಗೊತ್ತಿತ್ತು, ನಿನಗೆ ಹೇಗೆ ಗೊತ್ತು? ಯಂತ್ರ ಕೆಟ್ಟು ಹಾಗೆ ತೋರಿಸುತ್ತಿರಬಹುದು ಎಂದು ಮನಸ್ಸಿಗೆ ಸಮಾಧಾನ ಹೇಳಿದಳು. ಆ ಸಮಾಧಾನವನ್ನು ಮನಸ್ಸು ನಂಬಲಿಲ್ಲ. ಆದರೂ ಬಾಯಿ ಮುಚ್ಚಿಕೊಂಡೇ ಇದ್ದಳು.

ತಾಯಿಯ ಹೆಸರಿನ ಹಬ್ಬ, ಸಂತ ತೊದೋರನ ಶನಿವಾರ ಬಂತು. ಪ್ರೋದಾನ್ ಊರಾಚೆ ಆ ಹಬ್ಬಕ್ಕೆ ನಡೆಯುವ ಕುದುರೆ ಓಟ ನೋಡಿಕೊಂಡು ನೇರ ಮಿಗ್ಲೆನಾಳ ಮನೆಗೆ ಊಟಕ್ಕೆ ಬಂದಿದ್ದ. ಈಸ್ಟರಿಗೆ ಮುಂಚಿನ ಉಪವಾಸದ ದಿನಗಳಾದ್ದರಿಂದ ಚೀಸ್ ಇಲ್ಲದೆ ಕುಂಬಳಕಾಯಿ ತುಂಬಿದ ಬಾನಿತ್ಸಾ ಪದರಕಡುಬು, ಬೀನ್ಸ್ ಕಾಳು ತುಂಬಿದ ಒಣಗಿಸಿದ ದೊಣ್ಣೆಮೆಣಸು. ವೆಲಿಚ್ಕಾ ತಾನು ಮಾಡಿ ತಂದ ಬಾನಿತ್ಸಾವನ್ನು ಮೇಜಿನ ನಡುಮಧ್ಯೆ ಇಟ್ಟಳು. ತೊದೊರಾ ಪಕ್ಕದಲ್ಲಿದ್ದ, ಮಿಗ್ಲೆನಾ ಮಾಡಿದ ಬಾನಿತ್ಸಾದ ತಟ್ಟೆಗೇ ಕೈಹಾಕಿದಳು.

"ಏನು ಮಾಡ್ಲಿ ಅಕ್ಕ, ಅಮ್ಮನಿಗೆ ನನ್ನ ಕೈ ಅಡುಗೆಯೇ ರೂಢಿಯಾಗ್ಬಿಟ್ಟಿದೆ. ಸೂಪೂ ಅಷ್ಟೇ, ನಾನೇ ತಿನ್ನಿಸ್ಬೇಕು" ಎಂದು ಮಿಗ್ಲೆನಾ ನಕ್ಕಳು. ಅದರಲ್ಲಿ ಕೆಡುಕೇನೂ ಇರಲಿಲ್ಲ.

ವೆಲಿಚ್ಕಾಳ ಬಾಯಿ ಸುಮ್ಮನಿರಲಿಲ್ಲ. "ತಿನ್ನಿಸೋದೋ, ನೆಲಕ್ಕೆ ಎತ್ತಿ ಹಾಕೋದೋ?"

ಮಿಗ್ಲೆನಾಳ ಮುಖ ಸುಣ್ಣದಂತೆ ಬಿಳುಚಿತು. ಅವಳು ಅಕ್ಕನನ್ನು ನೋಡಲಿಲ್ಲ, ತಾಯಿಯನ್ನು ನೋಡಿದಳು. ತೊದೊರಾ ಏನೊಂದೂ ಅರಿಯದೆ ಕುಂಬಳಕಾಯಿ ಅಗಿಯುತ್ತಿದ್ದಳು.

ಮುಂದಿನ ದಿನಗಳಲ್ಲಿ ಆ ಕೋಣೆಯಲ್ಲಿ ನಗು ಕೇಳಿಸಲಿಲ್ಲ. ಮಿಗ್ಲೆನಾ ಸೂಪು ತಂದಿಡುತ್ತಿದ್ದಳು, ಮುಲಾಮು ತಿಕ್ಕುತ್ತಿದ್ದಳು, ಮಾತಾಡುತ್ತಿರಲಿಲ್ಲ. ಕೊನೆಗೊಮ್ಮೆ, "ಅಕ್ಕನ ಹತ್ರ ದೂರು ಹೇಳ್ತೀಯಾ ಅಮ್ಮ? ಹೇಳು, ಎಲ್ಲಾ ಹೇಳು" ಎಂದಳು. "ನಾನ್ಯಾವಾಗ ಹೇಳ್ದೆ?" ಎಂದು ತೊದೊರಾ ಕಕ್ಕಾಬಿಕ್ಕಿಯಾದಳು. ಮಿಗ್ಲೆನಾ ನಂಬಲಿಲ್ಲ. ಹಿಟ್ಟಿನ ಡಬ್ಬಿಗೆ ಒರಗಿಸಿದ್ದ ಫೋನಿನ ಎದುರು ವೆಲಿಚ್ಕಾ ಕ್ಯಾರೆಟ್ಟು ತುರಿಯುತ್ತಾ ಬೆರಳನ್ನೂ ತುರಿದುಕೊಂಡಳು. ತನ್ನ ಒಂದು ಮಾತಿಗೆ ತಾಯಿ ಶಿಕ್ಷೆ ಅನುಭವಿಸುತ್ತಿದ್ದಳು. ಅಯ್ಯೋ ಎನಿಸಿತು. ಅದರ ಜೊತೆಗೇ, ಅವರಿಬ್ಬರ ನಡುವೆ ಬಿರುಕು ಬಿದ್ದದ್ದನ್ನು ನೋಡಿ ಒಂದು ಕೆಟ್ಟ ಸಂತೋಷವೂ ಆಯಿತು.

ಆ ಸಂತೋಷ ಬಹಳ ದಿನ ಬಾಳಲಿಲ್ಲ. ತೊದೊರಾಳೇ ರಾಜಿಗೆ ದಾರಿ ಹುಡುಕಿದಳು. ಒಂದು ಸಂಜೆ ಕಪಾಟಿನ ಕೆಳಗಿನ ಖಾನೆಯಿಂದ, ಬಿಳಿ ಟವೆಲಿನ ಅಡಿಯಿಂದ ಒಂದು ಗಂಟು ತೆಗೆದು ಬಿಚ್ಚಿದಳು. ಅಜ್ಜಿಯ ಕಾಲದ ಚಿನ್ನದ ಕಾಸಿನ ಸರ. ಮಿಗ್ಲೆನಾಳನ್ನು ಕರೆದು ತಾನೇ ಕೊರಳಿಗೆ ಹಾಕಿ, ಕೈಕನ್ನಡಿ ಎದುರು ಹಿಡಿದಳು. "ನಿಂಗೇ ಇರ್ಲಿ, ತೆಗಿಬೇಡ" ಎಂದಳು. ಮಿಗ್ಲೆನಾ ತಾಯಿಯ ಭುಜದ ಮೇಲೆ ಮುಖವಿಟ್ಟಳು. ಆಮೇಲೆ ಸರ ಬಿಚ್ಚಿ ಮತ್ತೆ ಅದೇ ಖಾನೆಯಲ್ಲಿಟ್ಟಳು.

ವೆಲಿಚ್ಕಾ ಫೋನು ಆರಿಸಿ ಅಂಗಳದ ಬೆಂಚಿನ ಮೇಲೆ ಕುಳಿತಳು. ತನ್ನ ಮದುವೆಯ ದಿನ ಆ ಸರವನ್ನು ಒಂದೇ ಒಂದು ಹೊತ್ತು ಹಾಕಿಕೊಳ್ಳಲು ಕೇಳಿದ್ದಳು. ಕೊಂಡಿ ಸಡಿಲವಾಗಿದೆ, ಕಳೆದುಹೋದೀತು ಎಂದಿದ್ದಳು ತಾಯಿ. ಪ್ರೋದಾನ್ ಬಂದು ಏನಾಯಿತು ಎಂದು ಕೇಳಿದ. "ಈರುಳ್ಳಿ ಹೆಚ್ತಿದ್ದೆ" ಎಂದಳು. ಕೈಯಲ್ಲಿ ಈರುಳ್ಳಿ ಇರಲಿಲ್ಲ.

ಇನ್ನು ನೋಡುವುದೇ ಬೇಡ ಎಂದು ನಿಶ್ಚಯಿಸಿದಳು. ಮರುದಿನ ಬೆಳಿಗ್ಗೆ ಮಕ್ಕಳ ಹಾಲು ಕಾಯಿಸಿ ಮುಗಿಸುವಷ್ಟರಲ್ಲಿ ಆ ನಿಶ್ಚಯ ಕರಗಿತು. ಫೋನು ತೆಗೆದಳು.

ತೊದೊರಾ ಮಂಚದ ಅಂಚಿನಲ್ಲಿ ಕೋಲು ಹಿಡಿದು ನೆಟ್ಟಗೆ ಕುಳಿತಿದ್ದಳು. ಕೋಣೆಯಲ್ಲಿ ಗಂಡಸಿನ ದನಿ ಕೇಳಿಸುತ್ತಿತ್ತು. ಗಂಡಸು ಇರಲಿಲ್ಲ.

"ಹೆದರ್ಬೇಡಿ ಅಜ್ಜಿ ತೊದೊರಾ. ನಾನು ಪೊಲೀಸ್ ಇಲಾಖೆಯವನು. ನಿಮ್ಮ ಮಗಳು ಇಟ್ಟಿರೋ ಯಂತ್ರದಿಂದಲೇ ಮಾತಾಡ್ತಿದ್ದೀನಿ. ಮಿಗ್ಲೆನಾ ಅವರು ಬೆಳಿಗ್ಗೆ ಹಸಿರು ಕೋಟು ಹಾಕ್ಕೊಂಡು ಹೋದ್ರಲ್ವಾ?"

"ಹೌದಪ್ಪ, ಹಸಿರು ಕೋಟು. ಏನಾಯ್ತು ಅವಳಿಗೆ?"

"ಕಳ್ಳರು ಅವರನ್ನ ತಳ್ಳಿ ಮನೆ ಬೀಗದಕೈ ಕಿತ್ಕೊಂಡಿದ್ದಾರೆ. ಆಸ್ಪತ್ರೆಗೆ ಸೇರ್ಸಿದೀವಿ, ಜೀವಕ್ಕೇನೂ ತೊಂದ್ರೆ ಇಲ್ಲ. ಆದ್ರೆ ಆ ಕಳ್ಳರು ಈಗ ನಿಮ್ಮನೆ ಕಡೆ ಬರ್ತಿದ್ದಾರೆ. ಕೆಳಗಿನ ಖಾನೇಲಿ ಬಿಳಿ ಟವೆಲಿನ ಅಡಿ ಇರೋ ಗಂಟನ್ನ ಬಾಲ್ಕನಿಯಿಂದ ಕೆಳಗೆ ಹಾಕಿ. ನಮ್ಮ ಮನುಷ್ಯ ನಿಂತಿದ್ದಾನೆ. ಬೇಗ ಅಜ್ಜಿ."

ಕಣ್ಣಿನ ಗುರುತಿನ ಪಕ್ಕ ಎರಡು ಎಂದಿತ್ತು. ಯಂತ್ರವೇನೂ ಕೆಟ್ಟಿರಲಿಲ್ಲ.

ತೊದೊರಾ ಕೋಲೂರಿ ಎದ್ದಳು. ವೆಲಿಚ್ಕಾ ಫೋನನ್ನು ಬಾಯಿಯ ಹತ್ತಿರ ತಂದಳು. ಮೈಕಿನ ಗುರುತನ್ನು ಒಂದು ಸಲವೂ ಮುಟ್ಟಿರಲಿಲ್ಲ, ಮುಟ್ಟಿದರೆ ಗುಟ್ಟು ಬಯಲಾಗುತ್ತದೆಂದು ಅದರಿಂದ ಬೆರಳನ್ನು ದೂರವೇ ಇಟ್ಟಿದ್ದಳು. ಈಗ ಅದನ್ನು ಒತ್ತಿ ಹಿಡಿದಳು.

"ಅಮ್ಮಾ! ನಾನು ವೆಲಿಚ್ಕಾ! ಏನೂ ಕೊಡ್ಬೇಡ, ಅವನು ಕಳ್ಳ!"

ತೊದೊರಾ ಕಪಾಟಿನ ಮೇಲಿದ್ದ ಬಿಳಿ ಮೊಟ್ಟೆಯನ್ನು ದಿಟ್ಟಿಸಿದಳು. "ವೆಲಿಚ್ಕಾ? ನೀನು ಹೇಗೆ ಅದರೊಳಗೆ?"

ಗಂಡಸಿನ ದನಿ ಒಂದು ಗಳಿಗೆ ತಡವರಿಸಿತು, ಅಷ್ಟೇ. "ಕೇಳಿದ್ರಾ ಅಜ್ಜಿ? ನಿಮ್ಮ ದೊಡ್ಡ ಮಗಳ ದನೀನ ಯಂತ್ರದಲ್ಲಿ ಮಾಡ್ಸಿದ್ದಾರೆ. ಈಗಿನ ಕಾಲದಲ್ಲಿ ಯಾರ ದನಿ ಬೇಕಾದ್ರೂ ಮಾಡ್ತಾರೆ, ಟಿವಿಯಲ್ಲೂ ಹೇಳಿದ್ರಲ್ಲ. ನಂಬ್ಬೇಡಿ."

"ಹೌದು, ಹೇಳಿದ್ರು" ಎಂದಳು ತೊದೊರಾ. ಖಾನೆ ಎಳೆದಳು.

"ಅಮ್ಮಾ, ನಾನೇ ಅಮ್ಮ! ನಾನು ಚಿಕ್ಕವಳಿದ್ದಾಗ ಹಂದಿದೊಡ್ಡಿಗೆ ಬಿದ್ದಿದ್ದೆ, ಅಪ್ಪ ನನ್ನನ್ನ ಕಾಲು ಹಿಡಿದು ಎಳೆದಿದ್ದ..."

"ಎಲ್ಲಾ ಪತ್ತೆ ಮಾಡ್ಕೊಂಡೇ ಬಂದಿದ್ದಾರೆ ಅಜ್ಜಿ. ಬೇಗ ಮಾಡಿ. ಮೆಟ್ಟಿಲು ಹತ್ತುತ್ತಿದ್ದಾರೆ."

ತೊದೊರಾ ಗಂಟನ್ನು ಎದೆಗವಚಿಕೊಂಡು ಬಾಲ್ಕನಿಯ ಬಾಗಿಲ ಚಿಲಕಕ್ಕೆ ಕೈಹಾಕಿದಳು. ಅದನ್ನು ಕಂಡದ್ದೇ ವೆಲಿಚ್ಕಾಳಿಗೆ ಕಳ್ಳ, ಕಾವಲು, ಬುದ್ಧಿ ಎಲ್ಲ ಮರೆತುಹೋಯಿತು. ಎಷ್ಟೋ ವರ್ಷಗಳಿಂದ ತುಂಬಿ ನಿಂತದ್ದು ಕಟ್ಟೆ ಒಡೆದು ಬಂತು.

"ಎಸಿ! ಎಸಿ ಹಂಗಾದ್ರೆ! ಬೀದೀಲಿ ಹೋಗೋ ದಾಸಯ್ಯನಿಗೆ ಬೇಕಾದ್ರೂ ಕೊಡ್ತೀಯ, ನನಗೆ ಕೊಡಲ್ಲ! ನಿನ್ನೆ ಮಿಗ್ಲೆನಾ ಕೊರಳಿಗೆ ಹಾಕಿ ಕನ್ನಡಿ ಹಿಡಿದೆಯಲ್ಲ, ನನ್ನ ಮದುವೆ ದಿನ ಕೇಳಿದ್ದಕ್ಕೆ ಏನಂದೆ? ಕೊಂಡಿ ಸಡಿಲ ಅಂದೆ! ಅವಳಿಗೆ ಹಾಕೋವಾಗ ಕೊಂಡಿ ಗಟ್ಟಿಯಾಯ್ತಾ? ಯಾವತ್ತಿದ್ರೂ ನಿಂಗೆ ಅವಳೇ! ಅವಳ ಸೂಪು, ಅವಳ ಬಾನಿತ್ಸಾ, ಅವಳ ಮನೆ! ನಾನೇನು ನಿನ್ನ ಹೊಟ್ಟೇಲಿ ಹುಟ್ಟಿಲ್ವಾ?"

ಅಡುಗೆಮನೆಯ ಬಾಗಿಲಲ್ಲಿ ಇಬ್ಬರು ಶಿಕ್ಷಕಿಯರು ಬಂದು ಬಾಯಿಬಿಟ್ಟು ನಿಂತದ್ದೂ ಅವಳಿಗೆ ಕಾಣಲಿಲ್ಲ.

ಪರದೆಯಲ್ಲಿ ತೊದೊರಾ ಚಿಲಕದಿಂದ ಕೈ ತೆಗೆದಳು. ನಿಧಾನಕ್ಕೆ ತಿರುಗಿದಳು.

"ಪೊಲೀಸಪ್ಪ," ಎಂದಳು ಕ್ಯಾಮೆರಾಕ್ಕೆ, "ಇವಳು ನನ್ನ ದೊಡ್ಡ ಮಗಳೇ. ಇಷ್ಟು ವರ್ಷದ ಸಿಟ್ಟನ್ನ ಯಾವ ಯಂತ್ರಾನೂ ಮಾಡೋಕಾಗಲ್ಲ. ನೀನು ಯಾರೋ ನಂಗೊತ್ತಿಲ್ಲ, ಹೋಗು."

ಗಂಡಸು ಒಂದು ಹೊಲಸು ಮಾತು ಉಗುಳಿದ. ಕಣ್ಣಿನ ಪಕ್ಕದ ಅಂಕಿ ಒಂದಕ್ಕೆ ಇಳಿಯಿತು.

ವೆಲಿಚ್ಕಾ ಅಡುಗೆಮನೆಯ ಫೋನಿನಿಂದ ತಂಗಿಯ ಅಂಗಡಿಗೆ ಕರೆಮಾಡಿ, "ಮನೆಗೆ ಓಡು, ಅಮ್ಮನ ಹತ್ರ ಓಡು" ಎಂದಷ್ಟೇ ಹೇಳಿ, ಅಪ್ರನ್ನಿನಲ್ಲೇ ಬೀದಿಗಿಳಿದಳು. ಅವಳು ತಲಪುವ ಹೊತ್ತಿಗೆ ಮಿಗ್ಲೆನಾ ಬಂದಿದ್ದಳು, ಅವಳು ಕರೆಸಿದ ಪೊಲೀಸರೂ ಬಂದಿದ್ದರು. ಬಾಲ್ಕನಿಯ ಕೆಳಗೆ ನಿಂತವನನ್ನು ಎದುರುಮನೆಯವರು ನೋಡಿದ್ದರಂತೆ. ಟೋಪಿ ಎಳೆದುಕೊಂಡು ಸ್ಟೇಷನ್ನಿನ ಕಡೆ ಹೋದ ಎಂದರು. ಅವನು ಸಿಗಲಿಲ್ಲ. ಯಂತ್ರದೊಳಗೆ ಮಾತಾಡಿದವನಂತೂ ಯಾವ ಊರಿನವನೋ.

ಪೊಲೀಸರ ಜೊತೆ ಬಂದಿದ್ದ ಯುವತಿ ಅಧಿಕಾರಿ ಕ್ಯಾಮೆರಾ ಬಿಚ್ಚಿ ತಿರುಗಿಸಿ ನೋಡಿದಳು. "ಗುಪ್ತಪದ ಬದಲಾಯಿಸ್ಲಿಲ್ವಾ ಮೇಡಂ? ಇದು ಎಲ್ಲ ಡಬ್ಬಿಗೂ ಒಂದೇ. ನಂಬರಲ್ಲೂ ಅಷ್ಟೇ, ಒಂದೇ ಪೆಟ್ಟಿಗೇಲಿ ಬಂದವಕ್ಕೆ ಕೊನೇ ಅಂಕಿ ಮಾತ್ರ ಬೇರೆ. ನಂಬರು ಗೊತ್ತಿದ್ರೆ, ಇಲ್ಲ ಊಹಿಸಿದ್ರೆ, ಯಾರು ಬೇಕಾದ್ರೂ ಒಳಗೆ ಬರ್ಬಹುದು. ಇಂಥವನ್ನ ಹುಡುಕಿ ಹುಡುಕಿ ಇಂಟರ್ನೆಟ್ಟಲ್ಲಿ ಒಂದು ಕಡೆ ಸೇರ್ಸಿ ಇಡೋ ಜನಾನೇ ಇದ್ದಾರೆ. ಬಾಗಿಲು ತೆರೆದಿಟ್ಟ ಮನೆ ಇದ್ದಂಗೆ." ತನ್ನ ಫೋನಿನಲ್ಲಿ ಏನನ್ನೋ ಹುಡುಕಿ, ಒಂದು ಸಲ ನೋಡಿ, ಬೇಗನೆ ಪರದೆಯನ್ನು ಎದೆಗೆ ಒತ್ತಿಕೊಂಡಳು. ಮಿಗ್ಲೆನಾಳ ಕಣ್ಣಿಗೆ ಅಷ್ಟರಲ್ಲೇ ಬಿದ್ದಿತ್ತು, ತಾಯಿಯ ಮಂಚ, ಬೋಗುಣಿ, ಮೈ ಒರೆಸುತ್ತಿದ್ದ ತನ್ನ ಬಾಗಿದ ಬೆನ್ನು.

"ಇದನ್ನ ಅಳಿಸ್ಬಹುದಾ?" ಎಂದಳು ಮಿಗ್ಲೆನಾ.

"ನಮ್ಮ ಕಡೆಯಿಂದ ಪ್ರಯತ್ನ ಮಾಡ್ತೀವಿ" ಎಂದಳು ಅಧಿಕಾರಿ. ಅಳಿಸುತ್ತೇವೆ ಎನ್ನಲಿಲ್ಲ.

ಅವರು ಹೋದ ಮೇಲೆ ಮಿಗ್ಲೆನಾ ಅಕ್ಕನ ಕಡೆ ತಿರುಗಿದಳು. ಅವಳ ದನಿ ತೀರ ತಣ್ಣಗಿತ್ತು.

"ಯಾವಾಗಿಂದ?"

ವೆಲಿಚ್ಕಾ ಹೇಳಿದಳು. ಕೋಳಿಗೂಡು, ಕನ್ನಡಕ, ಮೂರು, ಎಂಟು. ಹೇಳುತ್ತಾ ಹೋದಂತೆ ಅದು ತನ್ನ ಕಿವಿಗೇ ನೆಪದಂತೆ ಕೇಳಿಸಿತು.

"ತಟ್ಟೆ ಎಸೆದಿದ್ದು ನೋಡ್ದೆ. ನಾನು ಅತ್ತಿದ್ದೂ ನೋಡಿದ್ಯಾ?"

"ನೋಡ್ದೆ."

"ನೋಡಿ ಬಂದು ಊಟದ ಮೇಜಲ್ಲಿ ಚುಚ್ಚಿದೆ. ಅಮ್ಮ ಹೇಳಿದ್ಲು ಅಂದ್ಕೊಂಡು ನಾನು ಅಮ್ಮನ ಹತ್ರ ಮಾತೇ ಬಿಟ್ಟೆ. ಬೇರೆ ಯಾರೋ ನೋಡ್ತಿದ್ದಾರೆ ಅಂತ ನಿಂಗೆ ಅನುಮಾನ ಬರ್ಲಿಲ್ವಾ?"

ಇಲ್ಲ ಎನ್ನಬಹುದಿತ್ತು. ಯಾರಿಗೂ ಗೊತ್ತಾಗುತ್ತಿರಲಿಲ್ಲ. ವೆಲಿಚ್ಕಾ ಅಪ್ರನ್ನಿನ ಅಂಚನ್ನು ಹಿಂಡಿದಳು. "ಬಂದಿತ್ತು. ಹೇಳಿದ್ರೆ ನಾನು ಸಿಕ್ಕಿಬೀಳ್ತೀನಿ ಅಂತ ಸುಮ್ನಿದ್ದೆ."

ಮಿಗ್ಲೆನಾ ಕೈ ಎತ್ತಿದಳು. ಹೊಡೆಯುತ್ತಾಳೆ ಎಂದುಕೊಂಡಳು ವೆಲಿಚ್ಕಾ, ಹೊಡೆದರೆ ಒಳ್ಳೆಯದಿತ್ತು. ಕೈ ಬಾಗಿಲನ್ನು ತೋರಿಸಿತು. "ನಡಿ."

"ಇರ್ರೇ ಇಬ್ರೂ" ಎಂದಳು ತೊದೊರಾ ಮಂಚದಿಂದ. ಅವಳು ಅಲ್ಲಿದ್ದಾಳೆ ಎಂಬುದನ್ನೇ ಇಬ್ಬರೂ ಮರೆತಿದ್ದರು. "ಆಗಿಂದ ಕೇಳ್ತಿದ್ದೀನಿ. ಅವಳು ನಿನ್ನ ನೋಡಿದ್ಲು, ನೀನು ಅವಳಿಗೆ ಹೇಳ್ಲಿಲ್ಲ, ಅಂತಲೇ ಆಡ್ತಿದ್ದೀರ. ಬೆತ್ತಲೆ ಬೆನ್ನು ಯಾರದ್ದು? ನಂದು. ಇದನ್ನ ಇಡೋವಾಗ ನನ್ನ ಒಂದು ಮಾತು ಕೇಳಿದ್ಯಾ ಮಿಗ್ಲೆನಾ? ವಸ್ತ್ರ ಹೊದಿಸಿದ್ರೆ ನೀನು ನನ್ನೇ ಬೈತಿದ್ದೆ."

"ನೀನು ಮತ್ತೆ ಬೀಳ್ತೀಯ ಅಂತ ಅಮ್ಮ..."

"ಬಿದ್ರೆ ಬೀಳ್ತೀನಿ." ಆಮೇಲೆ ದೊಡ್ಡ ಮಗಳ ಕಡೆ ತಿರುಗಿದಳು. "ನಿನ್ನ ಮನೆಗೆ ಯಾಕೆ ಬರ್ಲಿಲ್ಲ ಅಂತ ನೀನು ಕೇಳ್ಲೇ ಇಲ್ಲ. ಕೇಳಿದ್ರೆ ಹೇಳ್ತಿದ್ದೆ. ನಿನ್ನ ಮನೇಲಿ ನೀನು ನನ್ನನ್ನ ಒಂದು ಗಳಿಗೆ ಬಿಡ್ತಿರ್ಲಿಲ್ಲ. ತಿಂದ್ಯಾ, ಮಲಗಿದ್ಯಾ, ಯಾಕೆ ಸುಮ್ನಿದ್ದೀಯ ಅಂತ. ಮಿಗ್ಲೆನಾ ಬೆಳಿಗ್ಗೆ ಬಾಗಿಲು ಹಾಕ್ಕೊಂಡು ಹೋದ್ಲು ಅಂದ್ರೆ ಸಂಜೆವರೆಗೂ ಮನೆ ನಂದು. ಹಾಡ್ಬಹುದು, ಬೆಕ್ಕಿಗೆ ಬೈಬಹುದು. ಅದಕ್ಕೆ ಬಂದೆ. ಆಮೇಲೆ ಇವಳು ಈ ಮೊಟ್ಟೆ ತಂದಿಟ್ಟಳು."

ವೆಲಿಚ್ಕಾಳಿಗೆ ಇಷ್ಟು ಕಾಲ ಕಾಡಿದ ಮುಳ್ಳು ಹೊರಬಂದಿತ್ತು, ಬಂದ ಜಾಗ ಮಾತ್ರ ಉರಿಯುತ್ತಿತ್ತು. ತಂಗಿಯನ್ನು ಹೆಚ್ಚು ಪ್ರೀತಿಸುತ್ತೇನೆ ಎಂದು ತಾಯಿ ಹೇಳಿದ್ದರೆ ಹಗುರವಾಗುತ್ತಿತ್ತು, ದ್ವೇಷಕ್ಕೊಂದು ಆಸರೆ ಸಿಗುತ್ತಿತ್ತು.

ಮನೆಗೆ ಹೋಗಿ ಕೋಳಿಗೂಡಿನ ಕ್ಯಾಮೆರಾವನ್ನು ತೊಲೆಯಿಂದ ಕಿತ್ತಳು. ಪ್ರೋದಾನ್ ಯಾಕೆಂದು ಕೇಳಿದ. ಅಂಗಳದಲ್ಲಿ ಅವನ ಪಕ್ಕ ಕುಳಿತು ಎಲ್ಲವನ್ನೂ ಹೇಳಿದಳು. ತಮಾಷೆಗಾರ ಪ್ರೋದಾನ್ ಆ ದಿನ ಒಂದೂ ತಮಾಷೆ ಮಾಡಲಿಲ್ಲ. "ಆ ಕೋಳಿಗೂಡಿಂದ ನಮ್ಮ ಬಚ್ಚಲ ಬಾಗಿಲು ಕಾಣುತ್ತೆ, ಗೊತ್ತಾ?" ಎಂದಷ್ಟೇ ಅಂದ. ವೆಲಿಚ್ಕಾ ಬೇಲಿಯಾಚೆ ನೋಡಿದಳು. ಯಾರೂ ಇರಲಿಲ್ಲ. ಆದರೂ ಎದ್ದು ಹೋಗಿ ಕಿಟಕಿಯ ಪರದೆ ಎಳೆದಳು.

ಮಿಗ್ಲೆನಾ ಹಲವು ವಾರ ಮಾತು ಬಿಟ್ಟಿದ್ದಳು. ವೆಲಿಚ್ಕಾ ಕರೆ ಮಾಡಿದರೆ ಎತ್ತುತ್ತಿರಲಿಲ್ಲ. ಔಷಧಿ ಅಂಗಡಿಗೆ ಹೋದರೆ ಬೇರೆ ಹುಡುಗಿಯನ್ನು ಮುಂದೆ ಕಳಿಸುತ್ತಿದ್ದಳು. ಅಧಿಕಾರಿ ಯುವತಿ ಅವಳಿಗೆ ಎರಡು ಸಲ ಕರೆ ಮಾಡಿ, ಒಂದು ಜಾಗದಿಂದ ಚಿತ್ರ ತೆಗೆಸಿದ್ದೇವೆ, ಇನ್ನೊಂದು ಕಡೆ ಮತ್ತೆ ಬಂದಿದೆ ಎಂದಳಂತೆ. ಆಮೇಲೆ ಮಿಗ್ಲೆನಾ ಕೇಳುವುದನ್ನೇ ನಿಲ್ಲಿಸಿದಳು. ಅಂಗಡಿಗೆ ಬಂದ ಅಪರಿಚಿತ ಗಂಡಸು ಕೊಂಚ ಹೆಚ್ಚು ಹೊತ್ತು ಮುಖ ನೋಡಿದರೆ ಅವಳು ಅಂಗಿಯ ಕತ್ತಿನ ಗುಂಡಿ ಹಾಕಿಕೊಳ್ಳುತ್ತಾಳೆ ಎಂದು ಪ್ರೋದಾನ್ ಬಂದು ಹೇಳಿದ.

ಈಸ್ಟರಿನ ಮುಂಚೆ ಒಂದು ಮಧ್ಯಾಹ್ನ ಮಿಗ್ಲೆನಾಳೇ ಕರೆ ಮಾಡಿದಳು. "ನಂಗೆ ಬುಧವಾರ ಮಧ್ಯಾಹ್ನ ಸರಕು ಇಳಿಸ್ಕೋಬೇಕು, ಬರೋದು ತಡ. ಅಮ್ಮನ ತಲೆ ತೊಳೀಬೇಕಿತ್ತು. ಬರ್ತೀಯಾ?"

ವೆಲಿಚ್ಕಾ ಹೋದಳು. ತಿಂಡಿ ಏನೂ ಒಯ್ಯಲಿಲ್ಲ. ಬಚ್ಚಲಿನಲ್ಲಿ ಸ್ಟೂಲಿನ ಮೇಲೆ ಕೂರಿಸಿ, ತಾಯಿಯ ತೆಳ್ಳಗಿನ ಬಿಳಿ ಕೂದಲಿಗೆ ನೀರು ಹೊಯ್ದಳು. ಹೊಯ್ಯುವ ಮುಂಚೆ, "ಬಾಗಿಲು ಹಾಕ್ಲಾ ಅಮ್ಮ?" ಎಂದು ಕೇಳಿದಳು. ತೊದೊರಾ ಹಾಕು ಎಂದಳು. ಒರೆಸಿ ಬಾಚಿ ಕಿಟಕಿಯ ಬಳಿ ಕೂರಿಸಿದ ಮೇಲೆ, ಇನ್ನೇನು ಬೇಕು, ಚಹಾ ಮಾಡಲೇ, ಕಾಲು ಒತ್ತಲೇ ಎಂದು ನಾಲಿಗೆಯ ತುದಿಗೆ ಬಂದದ್ದನ್ನು ನುಂಗಿ ಅಡುಗೆಮನೆಗೆ ಹೋಗಿ ಸುಮ್ಮನೆ ಕುಳಿತಳು. ಒಳಗಿನಿಂದ ಮೊದಲು ಕೆಮ್ಮು ಕೇಳಿಸಿತು, ಆಮೇಲೆ ಸಣ್ಣಗೆ ಹಾಡು.

ಸಂಜೆ ಮಿಗ್ಲೆನಾ ಬಂದಳು. ಕೋಟು ಬಿಚ್ಚಲು ಕತ್ತಿನ ಗುಂಡಿ ತೆಗೆದಾಗ ಒಳಗೆ ಚಿನ್ನ ಮಿನುಗಿತು. ಸರವನ್ನು ಮನೆಯಲ್ಲಿ ಇಡಲು ಹೆದರಿ ಮೈಮೇಲೇ ಹಾಕಿಕೊಂಡು ಓಡಾಡುತ್ತಿದ್ದಳು. ವೆಲಿಚ್ಕಾಳ ಹೊಟ್ಟೆಯಲ್ಲಿ ಅದೇ ಹಳೆಯ ಉರಿ ಎದ್ದಿತು, ಒಂದಿಷ್ಟೂ ಕಡಿಮೆಯಾಗಿರಲಿಲ್ಲ. ಅವಳು ಸರವನ್ನು ತಂಗಿಗೆ ಕಾಣುವಂತೆಯೇ ನೋಡಿದಳು, ಕದ್ದು ನೋಡಲಿಲ್ಲ.

"ಚೆನ್ನಾಗಿ ಒಪ್ಪುತ್ತೆ ನಿಂಗೆ" ಎಂದಳು. "ನೋಡಿದ್ರೆ ಹೊಟ್ಟೆ ಉರಿಯುತ್ತೆ."

ಮಿಗ್ಲೆನಾ ಕೋಟನ್ನು ಮೊಳೆಗೆ ತೂಗುಹಾಕಿದಳು. ಕಾಫಿ ಕುಡಿ ಎಂದೂ ಹೇಳಲಿಲ್ಲ. ಅಕ್ಕ ಮೆಟ್ಟಿಲಿಳಿಯುವಾಗ ಮಾತ್ರ ಕೈಕಂಬಿಯ ಮೇಲಿಂದ ಬಗ್ಗಿ ಕೂಗಿದಳು.

"ಮುಂದಿನ ಬುಧವಾರಾನೂ ಬಾ. ಬರೋ ಮುಂಚೆ ಫೋನ್ ಮಾಡು."